ಆಟದ ರಾಕ್ಷಸನೂ ಹುಳುಮನೆಯ ಸುಣ್ಣಕಟ್ಟು ರೋಗವೂ

ಭಯ ಹುಟ್ಟಿಸುವ ವಿಡಿಯೋ ಆಟಗಳು ಈಗ ಪಟ್ಟಣದ ಹುಡುಗರ ಸೊತ್ತಾಗಿ ಮಾತ್ರ ಉಳಿದಿಲ್ಲ. ಹೊಸಕೋಟೆ ತಾಲ್ಲೂಕಿನ ಸಮೇತನಹಳ್ಳಿಯಂತಹ ಊರುಗಳಲ್ಲಿಯೂ ಮೊಬೈಲು ಹಿಡಿದ ಬಾಲಕರಿಗೆ ಅವುಗಳ ಪರಿಚಯ ಉಂಟು. ಆಟವನ್ನು ಸ್ವತಃ ಆಡದವನೂ ಅದರ ರಾಕ್ಷಸನ ಚಿತ್ರವನ್ನು ಎಲ್ಲಿಯೋ ಕಂಡಿರುತ್ತಾನೆ, ಕಂಡ ಮೇಲೆ ರಾತ್ರಿ ಹಿತ್ತಲಿಗೆ ಹೋಗಲು ಅಂಜುತ್ತಾನೆ, ಅಂಜಿದ ಮೇಲೆ, “ಇಂತಹದು ನಿಜವಾಗಿ ಉಂಟೇ?” ಎಂದು ಹಿರಿಯರನ್ನು ಕೇಳುತ್ತಾನೆ. ಈ ಪ್ರಶ್ನೆಗೆ ನಮ್ಮಲ್ಲಿ ಸಾಮಾನ್ಯವಾಗಿ ದೊರೆಯುವ ಉತ್ತರಗಳು ಎರಡು. “ಎಲ್ಲಾ ಸುಳ್ಳು, ಹೋಗಿ ಓದಿಕೋ” ಎಂಬುದು ಒಂದು. “ಅಂತಹದನ್ನೆಲ್ಲ ನೋಡಲೇಬೇಡ” ಎಂಬುದು ಇನ್ನೊಂದು. ಈ ಎರಡು ಉತ್ತರಗಳೂ ಸಾಲವೆಂದು ನಮ್ಮ ಅಭಿಪ್ರಾಯ. ಒಂದು ಪ್ರಸಿದ್ಧ ರಾಕ್ಷಸನ ವಿಷಯದಲ್ಲಿಯಂತೂ ಸರಿಯಾದ ಉತ್ತರವೇ ಬೇರೆ: ಅವನಲ್ಲಿ ಒಂದು ಪಾಲು ನಿಜವಿದೆ, ಆ ನಿಜದ ಹತ್ತಿರದ ನೆಂಟನು ನಮ್ಮ ಸೀಮೆಯ ರೇಷ್ಮೆಹುಳುವಿನ ಮನೆಗಳಿಗೆ ಬಹುಕಾಲದಿಂದ ಬಂದು ಹೋಗುತ್ತಿದ್ದಾನೆ.

ನಾವು ಹೇಳುತ್ತಿರುವುದು 2013ರಲ್ಲಿ ಅಮೆರಿಕದ ನಾಟಿ ಡಾಗ್ ಸಂಸ್ಥೆಯು ಹೊರತಂದ ‘ದಿ ಲಾಸ್ಟ್ ಆಫ್ ಅಸ್’ ಎಂಬ ಆಟದ ವಿಷಯ. 2023ರಲ್ಲಿ ಅದು ಟೆಲಿವಿಷನ್ ಕಥಾಮಾಲೆಯಾಗಿಯೂ ಬಂದಿತು. ಕಥೆ ಹೀಗಿದೆ: ಕಾರ್ಡಿಸೆಪ್ಸ್ ಎಂಬ ಒಂದು ಬಗೆಯ ಬೂಷ್ಟು ಮನುಷ್ಯರಿಗೆ ಅಂಟಿ ಅವರ ಮಿದುಳನ್ನು ಆಕ್ರಮಿಸುತ್ತದೆ. ರೋಗ ಹತ್ತಿದವನು ಸ್ವಬುದ್ಧಿಯನ್ನು ಕಳೆದುಕೊಂಡು ಕಂಡಕಂಡವರನ್ನು ಕಚ್ಚಲು ಓಡುತ್ತಾನೆ. ರೋಗ ಹಳೆಯದಾದಂತೆ ಬೂಷ್ಟು ಅವನ ತಲೆಯನ್ನು ಸೀಳಿ ಅಣಬೆಯಂತೆ ಹೊರಕ್ಕೆ ಅರಳಿ ಕಣ್ಣುಗಳನ್ನು ಮುಚ್ಚಿಬಿಡುತ್ತದೆ. ಈ ಕುರುಡು ರಾಕ್ಷಸನಿಗೆ ಆಟದಲ್ಲಿ ‘ಕ್ಲಿಕ್ಕರ್’ ಎಂದು ಹೆಸರು. ಅವನು ಬಾವಲಿಯ ಹಾಗೆ ಟಿಕ್ ಟಿಕ್ ಎಂದು ಸದ್ದು ಮಾಡಿ, ಪ್ರತಿಧ್ವನಿಯಿಂದ ಬೇಟೆಯನ್ನು ಗುರುತಿಸುತ್ತಾನೆ. ಈ ಆಟವು ವಯಸ್ಕರಿಗೆಂದೇ ಗುರುತು ಮಾಡಲ್ಪಟ್ಟದ್ದು. ಚಿಕ್ಕವರ ಕೈಗೆ ಅದನ್ನು ಕೊಡಬೇಕೆಂದು ನಾವು ಎಂದಿಗೂ ಹೇಳುವವರಲ್ಲ. ಆದರೆ ಚಿತ್ರಕ್ಕೆ ವಯಸ್ಸಿನ ಕಟ್ಟಲೆಯಿಲ್ಲ. ಅದು ಬಂದು ಮುಟ್ಟಿದ ಮೇಲೆ ಉತ್ತರ ಹೇಳುವ ಹೊಣೆ ನಮ್ಮದು.

ಈ ರಾಕ್ಷಸನನ್ನು ಕಲ್ಪಿಸಿದವರು ಅವನನ್ನು ಶೂನ್ಯದಿಂದ ಸೃಷ್ಟಿಸಲಿಲ್ಲ. ಬಿ.ಬಿ.ಸಿ.ಯು 2006ರಲ್ಲಿ ತೋರಿಸಿದ ‘ಪ್ಲಾನೆಟ್ ಅರ್ಥ್’ ಎಂಬ ಪ್ರಕೃತಿಚಿತ್ರಮಾಲೆಯಲ್ಲಿ ಇರುವೆಗಳಿಗೆ ಹತ್ತುವ ಬೂಷ್ಟಿನ ದೃಶ್ಯವೊಂದಿತ್ತು. ಅದನ್ನು ಕಂಡು ತಮಗೆ ಈ ಕಲ್ಪನೆ ಹೊಳೆಯಿತೆಂದು ಅವರೇ ತಿಳಿಸಿದ್ದಾರೆ. ಆ ಬೂಷ್ಟಿಗೆ ಇಂದು ಶಾಸ್ತ್ರಜ್ಞರು ಕೊಟ್ಟಿರುವ ಹೆಸರು ಒಫಿಯೊಕಾರ್ಡಿಸೆಪ್ಸ್ ಯೂನಿಲ್ಯಾಟರಾಲಿಸ್. ವಿಕಾಸವಾದದಲ್ಲಿ ಡಾರ್ವಿನ್ನನ ಸಹಭಾಗಿಯಾದ ಆಲ್ಫ್ರೆಡ್ ರಸೆಲ್ ವಾಲೇಸನು 1859ರಷ್ಟು ಹಿಂದೆಯೇ ಇಂತಹ ಇರುವೆಗಳನ್ನು ಸುಲಾವೇಸಿ ದ್ವೀಪದಲ್ಲಿ ಸಂಗ್ರಹಿಸಿದ್ದನು.

ಇರುವೆಯ ಪಾಡು ನಿಜಕ್ಕೂ ವಿಚಿತ್ರವಾದುದು. ನಮ್ಮ ಗೊದ್ದಗಳ ಬಳಗಕ್ಕೆ ಸೇರಿದ ಇರುವೆಯೊಂದರ ಮೈಮೇಲೆ ಬೂಷ್ಟಿನ ಬೀಜಕಣ ಬೀಳುತ್ತದೆ. ಚರ್ಮವನ್ನು ಕರಗಿಸಿಕೊಂಡು ಒಳಕ್ಕೆ ಇಳಿಯುತ್ತದೆ. ಕೆಲವು ದಿನಗಳಾದ ಮೇಲೆ ಇರುವೆ ತನ್ನ ಸಾಲನ್ನು ಬಿಟ್ಟು ತಡವರಿಸುತ್ತ ಗಿಡವೊಂದನ್ನು ಹತ್ತುತ್ತದೆ. ಥಾಯ್ಲೆಂಡಿನ ಕಾಡಿನಲ್ಲಿ ಅಳತೆ ಮಾಡಿದವರು, ಅದು ನೆಲದಿಂದ ಸುಮಾರು 25 ಸೆಂಟಿಮೀಟರ್ ಎತ್ತರದಲ್ಲಿ, ತೇವವೂ ತಂಪೂ ಬೂಷ್ಟಿಗೆ ಹಿತವಾಗಿರುವಲ್ಲಿ ನಿಲ್ಲುವುದನ್ನು ಕಂಡಿದ್ದಾರೆ. ಅಲ್ಲಿ ಎಲೆಯ ಅಡಿಯ ನರವನ್ನು ದವಡೆಯಿಂದ ಕಚ್ಚಿ ಹಿಡಿದು ಸಾಯುತ್ತದೆ. ಸತ್ತ ಮೇಲೂ ಹಿಡಿತ ಸಡಿಲುವುದಿಲ್ಲ. ಬಳಿಕ ಅದರ ತಲೆಯ ಹಿಂಭಾಗದಿಂದ ಕಡ್ಡಿಯಂತಹ ಒಂದು ಕಾಂಡ ಹೊರಟು, ಕೆಳಗೆ ನಡೆದಾಡುವ ಇರುವೆಗಳ ಮೇಲೆ ಹೊಸ ಬೀಜಕಣಗಳನ್ನು ಉದುರಿಸುತ್ತದೆ. ಜರ್ಮನಿಯ ಮೆಸ್ಸೆಲ್ ಎಂಬಲ್ಲಿ ದೊರೆತ, 4 ಕೋಟಿ 80 ಲಕ್ಷ ವರ್ಷಗಳಷ್ಟು ಹಳೆಯದಾದ ಎಲೆಯ ಪಳೆಯುಳಿಕೆಯೊಂದರ ಮೇಲೆ ಇಂತಹದೇ ಕಡಿತದ ಗುರುತುಗಳಿವೆ. ಎಂದರೆ, ಮನುಷ್ಯನು ಹುಟ್ಟುವುದಕ್ಕೆ ಬಹು ಮೊದಲೇ ಈ ನಾಟಕ ನಡೆಯುತ್ತಿತ್ತು.

ಇದೆಲ್ಲ ದೂರದ ಕಾಡಿನ ಮಾತು ಎಂದು ವಾಚಕರು ಭಾವಿಸಬೇಕಾಗಿಲ್ಲ. ಹೊಸಕೋಟೆ, ದೇವನಹಳ್ಳಿ ಕಡೆಯ ರೇಷ್ಮೆ ಬೆಳೆಗಾರರನ್ನು ಸುಣ್ಣಕಟ್ಟು ರೋಗದ ವಿಷಯ ಕೇಳಿದರೆ ಸಾಕು. ಮಳೆಗಾಲದಲ್ಲಿಯೋ ಚಳಿಗಾಲದಲ್ಲಿಯೋ, ಹುಳುಮನೆಯಲ್ಲಿ ತಂಪೂ ತೇವವೂ ಹೆಚ್ಚಾದಾಗ, ಚೆನ್ನಾಗಿ ಸೊಪ್ಪು ಮೇಯುತ್ತಿದ್ದ ಹುಳು ಮೇವು ಬಿಟ್ಟು ಮಂಕಾಗುತ್ತದೆ, ಸಾಯುತ್ತದೆ. ಸತ್ತ ಹುಳು ಮೊದಲು ಮೆತ್ತಗಿದ್ದು, ಆಮೇಲೆ ಕಡ್ಡಿಯಂತೆ ಬಿರುಸಾಗುತ್ತದೆ. ಒಂದೆರಡು ದಿನಗಳಲ್ಲಿ ಮೈಯೆಲ್ಲ ಸುಣ್ಣ ಬಳಿದಂತೆ ಬೆಳ್ಳಗಾಗುತ್ತದೆ. ಆ ಬಿಳಿಯ ಪುಡಿಯೇ ಬೀಜಕಣಗಳ ರಾಶಿ. ಅದು ಹಾರಿ ತಟ್ಟೆಯಿಂದ ತಟ್ಟೆಗೆ ಹರಡಿತೆಂದರೆ, ಚಂದ್ರಿಕೆಗೆ ಏರಬೇಕಾದ ಹುಳುಗಳು ಕಸದ ಗುಂಡಿಗೆ ಹೋಗುತ್ತವೆ. ಆ ಬೆಳೆಯನ್ನು ನೆಚ್ಚಿ ಮಾಡಿದ ಸಾಲ ಮಾತ್ರ ಉಳಿಯುತ್ತದೆ. ಈ ಬೂಷ್ಟಿನ ಹೆಸರು ಬ್ಯುವೇರಿಯ ಬ್ಯಾಸಿಯಾನ. ಇದರ ಲೈಂಗಿಕ ಅವಸ್ಥೆಯನ್ನು ಕಂಡ ಶಾಸ್ತ್ರಜ್ಞರು ಅದಕ್ಕೆ ಕಾರ್ಡಿಸೆಪ್ಸ್ ಬ್ಯಾಸಿಯಾನ ಎಂದೇ ಹೆಸರಿಟ್ಟರು. ಆಟದ ರಾಕ್ಷಸನ ಕುಲನಾಮವೂ ನಮ್ಮ ಹುಳುಮನೆಯ ಶತ್ರುವಿನ ಕುಲನಾಮವೂ ಹೀಗೆ ಒಂದಾದವು.

ಈ ಸುಣ್ಣಕಟ್ಟು ರೋಗಕ್ಕೆ ವಿಜ್ಞಾನದ ಇತಿಹಾಸದಲ್ಲಿ ಗೌರವದ ಸ್ಥಾನವಿದೆಯೆಂಬುದು ಬಹು ಜನರಿಗೆ ತಿಳಿಯದು. ಇಟಲಿಯ ಲೋದಿ ಪ್ರಾಂತದ ಅಗೊಸ್ಟಿನೊ ಬ್ಯಾಸ್ಸಿ ಎಂಬಾತನು 1807ರಲ್ಲಿ ಇದರ ಪರೀಕ್ಷೆಯನ್ನು ಕೈಗೊಂಡನು. ಅಲ್ಲಿಯೂ ಜನರು ಇದನ್ನು ಸುಣ್ಣದ ಗಾರೆಗೆ ಹೋಲಿಸಿಯೇ ಕರೆಯುತ್ತಿದ್ದರು. ರೋಗವು ಕೆಟ್ಟ ಗಾಳಿಯಿಂದ, ಕೆಟ್ಟ ಮೇವಿನಿಂದ ತಾನಾಗಿ ಹುಟ್ಟುವುದೆಂದು ಆಗ ನಂಬಿಕೆ. ಬ್ಯಾಸ್ಸಿಯೂ ಅದನ್ನೇ ನಂಬಿ, ಹುಳುಗಳಿಗೆ ನಾನಾ ಬಗೆಯ ತೊಂದರೆ ಕೊಟ್ಟು ರೋಗವನ್ನು ಬರಿಸಲು ವರ್ಷಗಟ್ಟಲೆ ಯತ್ನಿಸಿದನು, ಬರಲಿಲ್ಲ. ಬಿಳಿಯ ಪುಡಿ ತಗಲಿದಾಗ ಮಾತ್ರ ಬಂದಿತು. ಜೀವವುಳ್ಳ ಒಂದು ಸೂಕ್ಷ್ಮ ಸಸ್ಯವೇ ಕಾರಣವೆಂದು 1835ರಲ್ಲಿ ಆತನು ಪ್ರಕಟಿಸಿದನು. ಸೂಕ್ಷ್ಮಜೀವಿಯೊಂದು ಪ್ರಾಣಿಗೆ ರೋಗ ತರುವುದೆಂದು ಸಿದ್ಧವಾದುದು ಅದೇ ಮೊದಲು. ಪಾಸ್ಟರನೂ ಕಾಕನೂ ಬಂದುದು ದಶಕಗಳ ಅನಂತರ. ಬೂಷ್ಟನ್ನು ಇಂದು ನಾವು ಸಸ್ಯವೆಂದು ಎಣಿಸದೆ ಬೇರೆಯೇ ಒಂದು ಜೀವವರ್ಗವೆಂದು ಎಣಿಸುತ್ತೇವೆ. ಅದರಿಂದ ಬ್ಯಾಸ್ಸಿಯ ಹಿರಿಮೆಗೆ ಕುಂದಿಲ್ಲ. ಬಿಳಿಯ ಹುಳುವಿನಲ್ಲಿ ದೈವಕೋಪವನ್ನು ಕಾಣದೆ ಕಾರಣವನ್ನು ಹುಡುಕಿದ್ದರಿಂದ ನಾವು ಹುಳುಮನೆಯನ್ನು ಶುದ್ಧಿಮಾಡಿ, ತೇವ ತಗ್ಗಿಸಲು ಸುಣ್ಣ ಹಾಕಿ, ಸತ್ತ ಹುಳು ಬೆಳ್ಳಗಾಗುವ ಮೊದಲೇ ಆರಿಸಿ ಸುಡುವುದನ್ನು ಕಲಿತೆವು.

ಇನ್ನು ಆಟದವರು ನಿಜವನ್ನು ಬಿಟ್ಟು ಎಲ್ಲೆಲ್ಲಿ ಹೊರಟರೆಂಬುದನ್ನು ನೋಡೋಣ. ಮೊದಲನೆಯದು ಮಿದುಳು. 2017ರಲ್ಲಿ ಪ್ರಕಟವಾದ ಸಂಶೋಧನೆಯೊಂದರಲ್ಲಿ, ಬೂಷ್ಟಿನ ಕಣಗಳು ಇರುವೆಯ ಸ್ನಾಯುಗಳ ಸುತ್ತ ಬಲೆಯಂತೆ ಹೆಣೆದುಕೊಂಡಿದ್ದರೂ ಮಿದುಳಿನೊಳಕ್ಕೆ ಹೊಕ್ಕಿರಲಿಲ್ಲವೆಂದು ಕಂಡುಬಂದಿತು. ಎರಡನೆಯದು ಕಡಿತ. ರೋಗದ ಇರುವೆ ಕಚ್ಚುವುದು ಎಲೆಯನ್ನು, ಇನ್ನೊಂದು ಇರುವೆಯನ್ನಲ್ಲ. ಕಚ್ಚಿ ರೋಗ ಹರಡುವ ಗುಣವನ್ನು ಈ ರಾಕ್ಷಸನು ಹುಚ್ಚುನಾಯಿಯಿಂದ ಪಡೆದಂತೆ ನಮಗೆ ತೋರುತ್ತದೆ. ಹೀಗೆ ಇರುವೆಯ ಬೂಷ್ಟು, ನಾಯಿಯ ಹುಚ್ಚು, ಬಾವಲಿಯ ಕಿವಿ, ಈ ಮೂರನ್ನು ಹೊಲಿದು ಮಾಡಿದ ಗೊಂಬೆ ಅವನು. ಮೂರನೆಯದು ಶಾಖ. ಇರುವೆಗೂ ರೇಷ್ಮೆಹುಳುವಿಗೂ ಸ್ವಂತದ ಮೈಬಿಸಿಯಿಲ್ಲ. 24ರಿಂದ 28 ಡಿಗ್ರಿಯ ಹುಳುಮನೆಯಲ್ಲಿ ಹುಳುವಿನ ಮೈಯೂ ಹೆಚ್ಚುಕಡಮೆ ಅಷ್ಟೇ. ನಮ್ಮ ದೇಹವಾದರೋ 37 ಡಿಗ್ರಿ. ಬಹುಪಾಲು ಬೂಷ್ಟುಗಳು ಅದನ್ನು ಸಹಿಸಲಾರವು. 30ರಿಂದ 40 ಡಿಗ್ರಿಯವರೆಗೆ ಒಂದೊಂದು ಡಿಗ್ರಿ ಏರಿದಂತೆ ಸುಮಾರು ಶೇಕಡ 6ರಷ್ಟು ತಳಿಗಳು ಬೆಳೆಯದೆ ಹಿಂದೆ ಬೀಳುವುವೆಂದು 2009ರ ಒಂದು ಅಧ್ಯಯನ ತೋರಿಸಿತು. ನಮ್ಮ ಮೈಯ ಬಿಸಿಯೇ ನಮಗೊಂದು ಕೋಟೆ. ಇರುವೆಯ ಬೂಷ್ಟು ಈ ಕೋಟೆಯನ್ನು ಹಾರಿ ಬಂದು ನಮ್ಮನ್ನು ಓಡಾಡಿಸುವುದು ಕಥೆಯಲ್ಲಿ ಮಾತ್ರ.

ಬಾಲಕನಿಗೆ ಇಷ್ಟನ್ನು ಹೇಳಿದರೆ ಅವನ ಅಂಜಿಕೆ ಇಳಿಯುವುದು. ಆದರೆ ಇಲ್ಲಿಗೇ ನಿಲ್ಲಿಸಿದರೆ ನಾವು ಅವನಿಗೆ ಅನ್ಯಾಯ ಮಾಡಿದಂತೆ. ಬೂಷ್ಟುಗಳಿಂದ ಮನುಷ್ಯನಿಗೆ ಭಯವೇ ಇಲ್ಲವೆಂಬುದು ಸತ್ಯವಲ್ಲ. 2021ರ ಬೇಸಗೆಯಲ್ಲಿ, ಕೋವಿಡ್ಡಿನ ಎರಡನೆಯ ಅಲೆಯ ಬೆನ್ನಿಗೇ, ‘ಕಪ್ಪು ಶಿಲೀಂಧ್ರ’ವೆಂದು ಹೆಸರಾದ ರೋಗವು ಕರ್ನಾಟಕದಲ್ಲಿ ಅನೇಕರ ಕಣ್ಣುಗಳನ್ನೂ ಪ್ರಾಣಗಳನ್ನೂ ತೆಗೆದುಕೊಂಡುದನ್ನು ನಾವು ಮರೆಯಲಾಗದು. ಅದನ್ನು ತಂದವು ಮಣ್ಣಿನಲ್ಲಿಯೂ ಹಳಸಿದ ರೊಟ್ಟಿಯಲ್ಲಿಯೂ ಬೆಳೆಯುವ ಸಾಮಾನ್ಯ ಬೂಷ್ಟಿನ ಜಾತಿಗಳು. ಅವಕ್ಕೆ ಬಾಗಿಲು ತೆರೆದುಕೊಟ್ಟುದು ಹತೋಟಿಯಲ್ಲಿಡದ ಸಕ್ಕರೆ ಕಾಯಿಲೆ, ಮಿತಿಮೀರಿ ಬಳಸಿದ ಸ್ಟೀರಾಯ್ಡ್ ಔಷಧ, ಕುಗ್ಗಿದ ದೇಹಶಕ್ತಿ. ಆಂಫೊಟೆರಿಸಿನ್ ಎಂಬ ಔಷಧಿಗಾಗಿ ರೋಗಿಗಳ ಬಂಧುಗಳು ಊರೂರು ಅಲೆದರು. ಅದೇ ವೇಳೆಗೆ ಬಿಳಿಯ ಶಿಲೀಂಧ್ರ, ಹಳದಿಯ ಶಿಲೀಂಧ್ರ ಎಂಬ ಬಣ್ಣಬಣ್ಣದ ಸುದ್ದಿಗಳು ಹರಡಿ ಜನರನ್ನು ಇನ್ನಷ್ಟು ಕಂಗೆಡಿಸಿದವು. 2022ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯು ಮನುಷ್ಯರಿಗೆ ಅಪಾಯಕಾರಿಗಳಾದ 19 ಶಿಲೀಂಧ್ರಗಳ ಪಟ್ಟಿಯನ್ನು ಪ್ರಥಮ ಬಾರಿ ಹೊರಡಿಸಿತು. ಅವುಗಳಲ್ಲಿ ಕ್ಯಾಂಡಿಡ ಆರಿಸ್ ಎಂಬುದು 2009ರಲ್ಲಿ ಮೊದಲು ವರ್ಣಿತವಾಗಿ, ಔಷಧಗಳಿಗೆ ಬಗ್ಗದೆ ಆಸ್ಪತ್ರೆಗಳನ್ನು ಕಾಡುತ್ತಿದೆ. ಲೋಕದ ತಾಪ ಏರುತ್ತಿರುವುದರಿಂದಲೇ ಅದು ನಮ್ಮ ಮೈಬಿಸಿಗೆ ಒಗ್ಗಿಕೊಂಡಿರಬಹುದೆಂದು ಕೆಲವು ವಿಜ್ಞಾನಿಗಳ ಊಹೆ.

ನಮ್ಮ ಮುಖ್ಯ ಅಭಿಪ್ರಾಯ ಇದು. ಆಟದ ರಾಕ್ಷಸನಿಂದ ಒದಗುವ ನಿಜವಾದ ಹಾನಿ ನಾಲ್ಕು ದಿನದ ನಿದ್ರಾಭಂಗವಲ್ಲ. ಅವನು ನಮ್ಮ ಭಯವನ್ನು ತಪ್ಪು ದಾರಿಗೆ ಹಚ್ಚುತ್ತಾನೆ. ತಲೆ ಸೀಳಿ ಬರುವ ಅಣಬೆಗೆ ಅಂಜುವವನು ಅಜ್ಜಿಯ ಸಕ್ಕರೆ ಕಾಯಿಲೆಗೆ ಅಂಜುವುದಿಲ್ಲ. ಕಚ್ಚುವ ಕ್ಲಿಕ್ಕರನಿಗೆ ಅಂಜುವವನು, ಬೀದಿನಾಯಿ ಕಚ್ಚಿದಾಗ ಗಾಯವನ್ನು ಸಾಬೂನಿನಿಂದ ಚೆನ್ನಾಗಿ ತೊಳೆದು ತಡಮಾಡದೆ ಲಸಿಕೆ ಹಾಕಿಸಿಕೊಳ್ಳಬೇಕೆಂಬುದನ್ನು ಅರಿತಿರುವುದಿಲ್ಲ. ಭಯವೂ ಒಂದು ಉಪಯುಕ್ತ ಗುಣವೇ. ಅದಕ್ಕೆ ಸರಿಯಾದ ವಿಳಾಸ ತಿಳಿದಿರಬೇಕು, ಅಷ್ಟೆ. ಆ ವಿಳಾಸವನ್ನು ತಿಳಿಸುವುದು ವಿಜ್ಞಾನ ಶಿಕ್ಷಣದ ಕೆಲಸ.

ಇದಕ್ಕೆ ನಮ್ಮ ಸೀಮೆಯಲ್ಲಿ ಇರುವಷ್ಟು ಅನುಕೂಲ ಬೇರೆ ಕಡೆ ವಿರಳ. ಪಠ್ಯಪುಸ್ತಕದ ಶಿಲೀಂಧ್ರವು ಒಂದೆರಡು ಪುಟಗಳ ಚಿತ್ರವಾಗಿ ಮುಗಿದುಹೋಗುತ್ತದೆ. ರೇಷ್ಮೆ ಬೆಳೆಯುವ ಮನೆಯ ಮಕ್ಕಳಾದರೋ ಸುಣ್ಣಕಟ್ಟಿದ ಹುಳುವನ್ನು ಕಣ್ಣಾರೆ ಕಂಡವರು. ಆದರೆ ಆ ಬಿಳಿಯ ಪುಡಿಯನ್ನು ಸೂಕ್ಷ್ಮದರ್ಶಕದಲ್ಲಿ ನೋಡಿದವರು ಎಷ್ಟು ಮಂದಿ? ಪ್ರತಿಯೊಂದು ಪ್ರೌಢಶಾಲೆಯಲ್ಲಿಯೂ ಒಂದು ಸುಣ್ಣಕಟ್ಟಿದ ಹುಳು, ಫಾರ್ಮಲಿನ್ನಿನಲ್ಲಿ ಮುಳುಗಿಸಿ ಭದ್ರವಾಗಿ ಮುಚ್ಚಿದ ಸೀಸೆಯಲ್ಲಿ, ಇರತಕ್ಕದ್ದು. ಬೀಜಕಣಗಳನ್ನು ಗಾಜಿನ ಪಟ್ಟಿಗಳ ನಡುವೆ ಮುದ್ರಿಸಿ ತೋರಿಸಬೇಕು. ಇಲ್ಲಿ ಎಚ್ಚರಿಕೆಯೂ ಪಾಠದ ಭಾಗವೇ ಆಗಬೇಕು. ತೆರೆದ ಹುಳುವನ್ನು ಮುಟ್ಟಿದ ಬಾಲಕನೊಬ್ಬನು ಅಂಗಿಯ ಮೇಲೆ ಪುಡಿಯನ್ನು ಹೊತ್ತು ಮನೆಗೆ ಹೋದರೆ ತಂದೆಯ ಬೆಳೆಯೇ ಹೋದೀತು. ಸೋಂಕು ಎಂದರೇನು ಎಂಬುದನ್ನು ಇದಕ್ಕಿಂತ ಚೆನ್ನಾಗಿ ತಿಳಿಸುವ ಉದಾಹರಣೆ ನಮಗೆ ಕಾಣದು.

ಇದೇ ಪಾಠದಲ್ಲಿ ಇನ್ನೊಂದು ಮಾತನ್ನೂ ಸೇರಿಸಬಹುದು. ರೇಷ್ಮೆ ಬೆಳೆಗಾರನಿಗೆ ವೈರಿಯಾದ ಈ ಬ್ಯುವೇರಿಯವನ್ನೇ ಕೊಡಗು, ಚಿಕ್ಕಮಗಳೂರುಗಳ ಕಾಫಿ ತೋಟಗಳಲ್ಲಿ ಕಾಯಿಕೊರಕ ಹುಳುವಿನ ಮೇಲೆ ಮದ್ದಾಗಿ ಎರಚುತ್ತಾರೆ. ಒಂದೇ ಜೀವಿ ಒಂದೆಡೆ ರಾಕ್ಷಸ, ಇನ್ನೊಂದೆಡೆ ಕಾವಲುಗಾರ. ರಾಕ್ಷಸತ್ವವೆಂಬುದು ಬೂಷ್ಟಿನ ಗುಣವಲ್ಲ, ಅದು ಯಾರ ಬೆಳೆಯ ಮೇಲೆ ಬಿದ್ದಿತೆಂಬುದರ ಲೆಕ್ಕ ಎಂದು ಮಕ್ಕಳು ತಾವಾಗಿಯೇ ಕಂಡುಕೊಳ್ಳುವರು.

ಆದುದರಿಂದ ತಂದೆತಾಯಿಗಳಲ್ಲಿಯೂ ಉಪಾಧ್ಯಾಯರಲ್ಲಿಯೂ ನಮ್ಮ ವಿನಂತಿ ಇಷ್ಟೇ. ಮಗುವು ಆಟದ ರಾಕ್ಷಸನ ಮಾತನ್ನು ಎತ್ತಿದಾಗ ಗದರಿಸದಿರಿ, ನಗದಿರಿ. ಅವನು ಯಾವ ಯಾವ ಪ್ರಾಣಿಯಿಂದ ಏನೇನು ಕದ್ದಿದ್ದಾನೆಂದು ಮಗುವಿನೊಡನೆ ಕುಳಿತು ಪಟ್ಟಿ ಮಾಡಿರಿ. ಆ ಪಟ್ಟಿ ಮುಗಿಯುವ ವೇಳೆಗೆ ಇರುವೆಯೂ ಬಾವಲಿಯೂ ರೇಷ್ಮೆಹುಳುವೂ ಅವನ ತಲೆಯಲ್ಲಿ ಉಳಿದಿರುತ್ತವೆ. ಮರುದಿನ ಸೊಪ್ಪು ಹಾಕಲು ಹೋದಾಗ ತಟ್ಟೆಯಲ್ಲಿ ಮಂಕಾಗಿ ಮಲಗಿದ ಹುಳುವನ್ನು ಮೊದಲು ಗುರುತಿಸುವವನು ಅವನೇ ಆದಾನು.