ಶಾಸಕರ ವ್ಯಾಪಾರ, ಗಡಿಯಾಚೆಯ ಕಾಂಟ್ರ್ಯಾಕ್ಟು

1956ರ ನವೆಂಬರ್ 1ಕ್ಕೆ ಮೊದಲು ಜಹೀರಾಬಾದ್ ಮತ್ತು ನಾರಾಯಣಖೇಡ ಬೀದರ್ ಜಿಲ್ಲೆಯ ತಾಲ್ಲೂಕುಗಳಾಗಿದ್ದವು. ತಾಂಡೂರು ಗುಲ್ಬರ್ಗ ಜಿಲ್ಲೆಗೆ ಸೇರಿತ್ತು. ರಾಜ್ಯ ಪುನರ್‌ವಿಂಗಡಣಾ ಕಾಯ್ದೆ ಜಹೀರಾಬಾದ್ ತಾಲ್ಲೂಕಿನ ನಿರ್ಣಾ ಭಾಗವನ್ನಷ್ಟೇ ಈಚೆ, ಕರ್ನಾಟಕದ ಕಡೆ ಉಳಿಸಿ, ಉಳಿದೆಲ್ಲವನ್ನೂ ಆಂಧ್ರಪ್ರದೇಶಕ್ಕೆ ಕೊಟ್ಟಿತು; ಆ ಭಾಗ ಈಗ ತೆಲಂಗಾಣದಲ್ಲಿದೆ. ಸರ್ಕಾರ ಬದಲಾಯಿತು, ಸಂತೆ ಮಾತ್ರ ಹಾಗೇ ಉಳಿಯಿತು. ಜಹೀರಾಬಾದಿನವರಿಗೆ ಇಂದಿಗೂ ಬೀದರ್ ಸುಮಾರು ಮೂವತ್ತು ಕಿಲೋಮೀಟರ್. ತಾಂಡೂರಿನ ಫರಸಿ ಕಲ್ಲು, 2022ರಲ್ಲಿ ಭೌಗೋಳಿಕ ಗುರುತು ಪಡೆದ ಅಲ್ಲಿನ ತೊಗರಿ, ಜಹೀರಾಬಾದಿನ ಕಬ್ಬು, ಶುಂಠಿ ಇವುಗಳ ವ್ಯವಹಾರ ಗಡಿ ಕೇಳಿ ನಡೆಯುವುದಿಲ್ಲ.

ಇಂಥ ಕಡೆ ವ್ಯಾಪಾರಸ್ಥನೊಬ್ಬ ರಾಜಕೀಯಕ್ಕೆ ಬರುವುದು ಸಹಜ. ತೆಲುಗು, ಕನ್ನಡ, ದಖನಿ, ಮರಾಠಿ ನಾಲ್ಕರಲ್ಲೂ ಲೆಕ್ಕ ಮಾತಾಡಬಲ್ಲವನಿಗೆ ಹಳ್ಳಿಹಳ್ಳಿಯ ಪರಿಚಯ ಇರುತ್ತದೆ. ಯಾವ ರೈತ ಯಾರಿಗೆ ಎಷ್ಟು ಬಾಕಿ ಎಂಬುದೂ ಗೊತ್ತಿರುತ್ತದೆ. ಜಹೀರಾಬಾದ್ ಲೋಕಸಭಾ ಕ್ಷೇತ್ರ ಹುಟ್ಟಿದ ಮೇಲೆ ನಡೆದ ಎರಡನೆಯ ಮತ್ತು ಮೂರನೆಯ ಚುನಾವಣೆಗಳಲ್ಲಿ, 2014 ಮತ್ತು 2019ರಲ್ಲಿ, ಗೆದ್ದವರು ಉದ್ಯಮಿ ಭೀಮರಾವ್ ಬಸವಂತರಾವ್ ಪಾಟೀಲರು. ಅವರಿಗಿಂತ ಮೊದಲು 2009ರಲ್ಲಿ ಗೆದ್ದಿದ್ದವರೂ, 2024ರಲ್ಲಿ ಅವರನ್ನು 46 ಸಾವಿರಕ್ಕೂ ಹೆಚ್ಚು ಮತಗಳಿಂದ ಸೋಲಿಸಿದವರೂ ಸುರೇಶ ಶೆಟಕಾರರು. ಅವರು 2004ರಲ್ಲಿ ನಾರಾಯಣಖೇಡದ ಶಾಸಕರಾಗಿದ್ದವರು, ಅವರ ತಂದೆ ಶಿವರಾವ್ ಶೆಟಕಾರರೂ ಅಲ್ಲಿನ ಶಾಸಕರಾಗಿದ್ದರು. ನಾರಾಯಣಖೇಡದಲ್ಲೇ ಇನ್ನೊಂದು ಮನೆತನವಿದೆ. ಶಾಸಕ ಪಟ್ಲೋಳ್ಳ ಕಿಷ್ಟಾರೆಡ್ಡಿ 2015ರಲ್ಲಿ ತೀರಿಕೊಂಡಾಗ ಮರುವರ್ಷದ ಉಪಚುನಾವಣೆಯಲ್ಲಿ ಮಗ ಸಂಜೀವರೆಡ್ಡಿ ಸೋತರು, 2023ರಲ್ಲಿ ಗೆದ್ದರು. ಹೆಸರು, ಹಣ, ಪರಿಚಯ ಮೂರೂ ಇದ್ದವರಿಗೂ ಇಲ್ಲಿ ಗೆಲುವು ಸುಲಭವಲ್ಲ. ವಿಧಾನಸಭಾ ಅಭ್ಯರ್ಥಿಯೊಬ್ಬ ಕಾನೂನಿನ ಪ್ರಕಾರವೇ 40 ಲಕ್ಷ ರೂಪಾಯಿವರೆಗೆ ಖರ್ಚು ಮಾಡಬಹುದು. ಸಂಬಳದ ಮೇಲೆ ಬದುಕುವವನು ಈ ಕಣಕ್ಕೆ ಇಳಿಯುವುದೇ ಅಪರೂಪ.

ಹಾಗಾದರೆ ಶಾಸಕರಾದ ಮೇಲೆ ಅಂಗಡಿ, ಕ್ವಾರಿ, ಪಾಲಿಶ್ ಘಟಕ ಮುಚ್ಚಬೇಕೆ? ಬೇಕಿಲ್ಲ. ಸರ್ಕಾರಿ ನೌಕರನಿಗೆ ವ್ಯಾಪಾರ ನಿಷಿದ್ಧ, ಆದರೆ ಶಾಸಕ ನೌಕರನಲ್ಲ. ಕಾನೂನು ಮುಖ್ಯವಾಗಿ ತಡೆಯುವುದು ಒಂದನ್ನು. ಶಾಸಕ ತನ್ನ ವ್ಯಾಪಾರದ ಭಾಗವಾಗಿ ಸರ್ಕಾರದೊಂದಿಗೇ ಕಾಂಟ್ರ್ಯಾಕ್ಟ್ ಮಾಡಿಕೊಳ್ಳಬಾರದು. ಜನಪ್ರತಿನಿಧಿ ಕಾಯ್ದೆಯ 9ಎ ಕಲಮು ಹೇಳುವುದು ಇದನ್ನೇ: ಸರ್ಕಾರಕ್ಕೆ ಸರಕು ಪೂರೈಸುವ ಇಲ್ಲವೇ ಸರ್ಕಾರದ ಕಾಮಗಾರಿ ಮಾಡಿಕೊಡುವ ಒಪ್ಪಂದ ಜಾರಿಯಲ್ಲಿರುವವರೆಗೆ ಅವನು ಅನರ್ಹ. ಬಜೆಟ್ಟಿಗೆ ಕೈ ಎತ್ತುವವನೇ ಆ ದುಡ್ಡಿನ ಬಿಲ್ಲು ಬರೆಯಬಾರದು ಎಂಬುದು ಇದರ ತಿರುಳು. ಕೆಲಸವನ್ನು ಪೂರ್ತಿ ಮುಗಿಸಿ, ಸರ್ಕಾರದಿಂದ ಬಿಲ್ಲಿನ ಹಣ ಮಾತ್ರ ಬಾಕಿ ಇದ್ದರೆ ಅನರ್ಹತೆ ಇಲ್ಲ. ಆ ವಿನಾಯಿತಿ ನ್ಯಾಯವಾದದ್ದೇ, ಬಾಕಿ ಉಳಿಸಿಕೊಂಡದ್ದು ಸರ್ಕಾರ ತಾನೆ.

ಬೇಲಿಯ ಕಂಡಿಗಳು ಬೇರೆ ಕಡೆ ಇವೆ. ತಾಂಡೂರಿನವರಿಗೆ ಮೊದಲನೆಯದು ಹತ್ತಿರದ್ದು. ಕಲ್ಲುಗಣಿಯ ಲೀಸು ಸರ್ಕಾರವೇ ಕೊಡುವಂಥದು, ಆದರೂ ಅದು ಸರಕು ಪೂರೈಕೆಯೂ ಅಲ್ಲ, ಸರ್ಕಾರದ ಕಾಮಗಾರಿಯೂ ಅಲ್ಲ. 2001ರಲ್ಲಿ ಕರ್ತಾರ್ ಸಿಂಗ್ ಭಡಾನಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೀಗೆಯೇ ಹೇಳಿತು. 2022ರಲ್ಲಿ ಜಾರ್ಖಂಡ್ ಮುಖ್ಯಮಂತ್ರಿ ಹೇಮಂತ್ ಸೊರೇನ್ ಅವರ ಹೆಸರಿನ ಕಲ್ಲುಗಣಿ ಲೀಸು ದೊಡ್ಡ ಗದ್ದಲವಾದಾಗ ಚುನಾವಣಾ ಆಯೋಗ ರಾಜ್ಯಪಾಲರಿಗೆ ಅಭಿಪ್ರಾಯ ಕಳಿಸಿತು. ಆದರೂ ಸೊರೇನ್ ಅನರ್ಹರಾಗಲಿಲ್ಲ. ಗಣಿಯ ರಾಯಲ್ಟಿ ದರ, ದಂಡ, ಪರವಾನಗಿ ಎಲ್ಲವನ್ನೂ ತೀರ್ಮಾನಿಸುವ ಸರ್ಕಾರದೊಳಗೆ ಗಣಿ ಮಾಲೀಕ ಕೂರಬಹುದು ಎಂಬುದು ನನಗೆ ಒಪ್ಪಿಗೆಯಾಗದ ಮಾತು. ಸರಕು ಮಾರುವವನ ಹಿತಕ್ಕಿಂತ ಗಣಿ ಮಾಲೀಕನ ಹಿತ ಸರ್ಕಾರದ ತೀರ್ಮಾನಕ್ಕೆ ಹೆಚ್ಚು ಅಂಟಿಕೊಂಡಿರುತ್ತದೆ.

ಎರಡನೆಯ ಕಂಡಿ ಗಡಿಯದು, ಇದರ ಚರ್ಚೆಯೇ ಕಡಿಮೆ. ಯಾವ ಸರ್ಕಾರದ ಜೊತೆಗಿನ ಕಾಂಟ್ರ್ಯಾಕ್ಟ್ ಅನರ್ಹತೆ ತರುತ್ತದೆ? ಸಂಸದನಿಗೆ ಕೇಂದ್ರ ಸರ್ಕಾರ, ಶಾಸಕನಿಗೆ ಅವನ ರಾಜ್ಯದ ಸರ್ಕಾರ. ಕಾಯ್ದೆಯ 7ನೇ ಕಲಮು ಅಷ್ಟಕ್ಕೇ ಗೆರೆ ಎಳೆಯುತ್ತದೆ. ಈಗ ಜಹೀರಾಬಾದಿನಲ್ಲಿ ನಿಂತು ಯೋಚಿಸಿ. ಅಲ್ಲಿನ ಶಾಸಕನೊಬ್ಬ ಸಂಗಾರೆಡ್ಡಿಯಲ್ಲಿ ತೆಲಂಗಾಣ ಸರ್ಕಾರದ ರಸ್ತೆ ಕೆಲಸ ಹಿಡಿದರೆ ಸ್ಥಾನ ಕಳೆದುಕೊಳ್ಳುತ್ತಾನೆ. ಬೀದರಿನಲ್ಲಿ ಕರ್ನಾಟಕ ಸರ್ಕಾರದ ಅಷ್ಟೇ ದೊಡ್ಡ ಕೆಲಸ ಹಿಡಿದರೆ ಕಳೆದುಕೊಳ್ಳುವುದಿಲ್ಲ. ತಾಂಡೂರಿನ ಶಾಸಕ ಚಿಂಚೋಳಿಯಲ್ಲಿ, ಚಿಂಚೋಳಿಯ ಶಾಸಕ ತಾಂಡೂರಿನಲ್ಲಿ ಮಾಡಿದರೂ ಇದೇ ಮಾತು. ಎರಡೂ ಕಡೆಯ ನಾಯಕರು ನೆಂಟರು, ಪಾಲುದಾರರು, ಪಕ್ಷದ ಗೆಳೆಯರು ಆಗಿರುವ ಪ್ರದೇಶದಲ್ಲಿ ಈ ಗೆರೆ ಕಾಗದದ ಮೇಲಷ್ಟೇ ಇದೆ. ಸ್ವಂತ ಹೆಸರಿನ ಒಪ್ಪಂದಕ್ಕೆ ಮಾತ್ರ ಕಲಮು ಅನ್ವಯಿಸುವುದರಿಂದ ಹೆಂಡತಿಯ ಹೆಸರಿನ ಕೆಲಸ, ಷೇರು ಇರುವ ಕಂಪನಿಯ ಕೆಲಸವೂ ಹೊರಗೆ ಉಳಿಯುತ್ತವೆ. ಸರ್ಕಾರದ ಷೇರು ಶೇ. 25 ಇಲ್ಲವೇ ಅದಕ್ಕಿಂತ ಹೆಚ್ಚಿರುವ ಕಂಪನಿಗೆ ಮ್ಯಾನೇಜರ್ ಆಗುವುದನ್ನು 10ನೇ ಕಲಮು ತಡೆಯುತ್ತದೆ, ಆದರೆ ಸಹಕಾರಿ ಸಂಘಗಳನ್ನು ಬಿಟ್ಟುಬಿಡುತ್ತದೆ. ಸಕ್ಕರೆ ಕಾರ್ಖಾನೆಗಳ ರಾಜಕೀಯ ಕಂಡವರಿಗೆ ಈ ವಿನಾಯಿತಿಯ ತೂಕ ಗೊತ್ತು.

ಮತದಾರರ ಕೈಯಲ್ಲಿರುವ ಗಟ್ಟಿ ದಾಖಲೆ ಎಂದರೆ ನಾಮಪತ್ರದ ಜೊತೆ ಸಲ್ಲಿಸುವ ಪ್ರಮಾಣಪತ್ರ, ನಮೂನೆ 26. ಸುಪ್ರೀಂ ಕೋರ್ಟ್ 2018ರ ಫೆಬ್ರವರಿಯಲ್ಲಿ ಲೋಕ್ ಪ್ರಹರಿ ಪ್ರಕರಣದಲ್ಲಿ ತೀರ್ಪು ಕೊಟ್ಟ ಬಳಿಕ ಅದರಲ್ಲಿ ಆದಾಯದ ಮೂಲ ಮತ್ತು ಸರ್ಕಾರದೊಂದಿಗಿನ ಕಾಂಟ್ರ್ಯಾಕ್ಟುಗಳ ವಿವರವೂ ಸೇರಿತು. ಅಭ್ಯರ್ಥಿಯದಷ್ಟೇ ಅಲ್ಲ, ಗಂಡ ಅಥವಾ ಹೆಂಡತಿ, ಅವಲಂಬಿತರು, ಪಾಲುದಾರಿಕೆ ಸಂಸ್ಥೆ, ಷೇರು ಇರುವ ಖಾಸಗಿ ಕಂಪನಿ ಎಲ್ಲವನ್ನೂ ಬರೆಯಬೇಕು. ಚುನಾವಣಾ ಆಯೋಗದ ತಾಣದಲ್ಲಿ ಯಾರೂ ಓದಬಹುದು. ನಾವು ಆಸ್ತಿಯ ಮೊತ್ತ ನೋಡಿ ಬಾಯಿ ಬಿಡುತ್ತೇವೆ, ಕಾಂಟ್ರ್ಯಾಕ್ಟಿನ ಪುಟ ತೆರೆಯುವುದೇ ಇಲ್ಲ.

ಆದರೆ ಅಲ್ಲೂ ಕೇಳುವುದು ಅದೇ ಸಂಬಂಧಪಟ್ಟ ಸರ್ಕಾರ ಮತ್ತು ಸಾರ್ವಜನಿಕ ಕಂಪನಿಗಳ ಲೆಕ್ಕವನ್ನು. ಪಕ್ಕದ ರಾಜ್ಯದ ಕಾಮಗಾರಿಗೆ ಅದರಲ್ಲಿ ಒಂದು ಸಾಲು ಸೇರಿಸಲು ಚುನಾವಣಾ ನಿಯಮಗಳ ತಿದ್ದುಪಡಿ ಸಾಕು, ಸಂಸತ್ತು ಹೊಸ ಕಾಯ್ದೆ ತರಬೇಕಿಲ್ಲ. ತೆಲಂಗಾಣ ವಿಧಾನಸಭೆಗೆ ಮುಂದಿನ ಚುನಾವಣೆ 2028ರ ಕೊನೆಗೆ ಬರಬೇಕು. ಅಷ್ಟರೊಳಗೆ ನಿಯಮ ಬದಲಾಗದಿದ್ದರೂ, ಜಹೀರಾಬಾದ್ ಕ್ಷೇತ್ರದ ನ್ಯಾಲಕಲ್ಲಿನ ಸಭೆಯಲ್ಲಿ ಎದ್ದು ನಿಂತು, ಬೀದರ್ ಜಿಲ್ಲೆಯಲ್ಲಿ ನಿಮ್ಮ ಕೆಲಸಗಳು ಯಾವುವು ಅಂತ ಅಭ್ಯರ್ಥಿಯನ್ನು ಕೇಳಲು ಮತದಾರನಿಗೆ ಯಾವ ಕಲಮೂ ಅಡ್ಡ ಬರುವುದಿಲ್ಲ.