ಬಿಟ್ಟಿ ಯಾರದು, ಭಾಗ್ಯ ಯಾರದು?

ಜಯನಗರ ನಾಲ್ಕನೇ ಬ್ಲಾಕಿನಲ್ಲಿ ಕಾಫಿ ಕುಡಿಯುತ್ತ ನಿಂತವರ ಹರಟೆ 2023ರಿಂದ ಈಚೆಗೆ ಒಂದೇ ಧಾಟಿಯಲ್ಲಿ ಸಾಗಿದೆ. ಆ ವರ್ಷದ ಜೂನ್‌ನಲ್ಲಿ ಸರ್ಕಾರಿ ಬಸ್ಸಿನಲ್ಲಿ ಹೆಂಗಸರು ದುಡ್ಡು ಕೊಡಬೇಕಿಲ್ಲವೆಂದ ಶಕ್ತಿ ಯೋಜನೆ ಬಂತು. ಆಗಸ್ಟ್‌ನಲ್ಲಿ ಮನೆಯ ಯಜಮಾನಿಗೆ ತಿಂಗಳಿಗೆ 2000 ರೂಪಾಯಿಯ ಗೃಹಲಕ್ಷ್ಮಿ ಬಂತು. ಅಂದಿನಿಂದ ತೆರಿಗೆ ಕಟ್ಟುವ ಸಭ್ಯಸ್ಥರ ಬಾಯಲ್ಲಿ ‘ಬಿಟ್ಟಿ ಭಾಗ್ಯ’ ಎಂಬ ಕುಹಕ ನೆಲೆಯೂರಿಬಿಟ್ಟಿದೆ.

ಈ ಮಹನೀಯರಿಗೆ ತಾವು ಆಡುವ ಪದದ ಅರ್ಥವೇ ಮರೆತಿದೆ. ಬಿಟ್ಟಿ ಎಂದರೆ ಪುಕ್ಕಟೆ ಸಿಗುವುದು ಎಂಬುದು ಆಮೇಲೆ ಬಂದ ಅರ್ಥ. ಕೂಲಿ ಕೊಡದೆ ಮಾಡಿಸಿಕೊಳ್ಳುವ ದುಡಿಮೆ ಎಂಬುದು ಹಳೆಯ ಅರ್ಥ. ‘ಬಿಟ್ಟಿ ಚಾಕರಿ’ ಎನ್ನುವಾಗ ಇಂದಿಗೂ ಅದೇ ಅರ್ಥ. ಹಾಗಾದರೆ ಈ ನಾಡಿನಲ್ಲಿ ಬಿಟ್ಟಿ ದುಡಿಯುತ್ತಿರುವವರು ಯಾರು? ಅದನ್ನು ಉಣ್ಣುತ್ತಿರುವವರು ಯಾರು?

ಸುಮಾರು ಐವತ್ತು ವರ್ಷಗಳ ಹಿಂದೆಯೇ ಲೆಕ್ಕ ಹಾಕಿ ಈ ಪ್ರಶ್ನೆ ಕೇಳಿದವರು ನಮ್ಮದೇ ನಾಡಿನ ಅರ್ಥಶಾಸ್ತ್ರಜ್ಞೆ ದೇವಕಿ ಜೈನ್. 1933ರಲ್ಲಿ ಹುಟ್ಟಿದ ಅವರ ತಂದೆ ಎಂ.ಎ. ಶ್ರೀನಿವಾಸನ್ ಮೈಸೂರು ಸಂಸ್ಥಾನದಲ್ಲಿ ಮಂತ್ರಿಯಾಗಿದ್ದವರು. ಮಗಳು ಬೆಂಗಳೂರಿನ ಮೌಂಟ್ ಕಾರ್ಮೆಲ್‌ನಲ್ಲಿ, ಆಕ್ಸ್‌ಫರ್ಡಿನಲ್ಲಿ ಓದಿ, ದೆಹಲಿಯ ಮಿರಾಂಡಾ ಹೌಸಿನಲ್ಲಿ ಪಾಠ ಹೇಳಿದರು. ಪಾಠ ಹೇಳಿಕೊಂಡೇ ನಿವೃತ್ತರಾಗಿದ್ದರೂ ಯಾರೂ ತಪ್ಪೆನ್ನುತ್ತಿರಲಿಲ್ಲ. ಆದರೆ ಅವರು 1970ರ ದಶಕದಲ್ಲಿ ರಾಜಸ್ಥಾನ ಮತ್ತು ಪಶ್ಚಿಮ ಬಂಗಾಳದ ಹಳ್ಳಿಗಳಲ್ಲಿ ಒಂದು ವಿಚಿತ್ರವೆನಿಸುವ ಕೆಲಸಕ್ಕೆ ಕೈಹಾಕಿದರು. ಒಂದೊಂದು ಮನೆಯಲ್ಲಿ ಯಾರು ಯಾವ ಹೊತ್ತಿನಲ್ಲಿ ಏನು ಮಾಡುತ್ತಾರೆಂದು ಬರೆದಿಡುವ ಅಧ್ಯಯನ ಅದು. ಸರ್ಕಾರಿ ಸಮೀಕ್ಷೆಗಳಲ್ಲಿ ದುಡಿಯದವರ ಪಟ್ಟಿ ಸೇರಿದ್ದ ಎಷ್ಟೋ ಹೆಂಗಸರು ದಿನವಿಡೀ ದುಡಿಯುತ್ತಿದ್ದರು ಎಂಬುದು ಅದರಿಂದ ಬಯಲಾಯಿತು. ಅವರು ಸೋಮಾರಿಗಳಾಗಿರಲಿಲ್ಲ, ಎಣಿಸುವವರ ಕಣ್ಣು ಕುರುಡಾಗಿತ್ತು.

ಉದ್ಯಮದ ಪಾಠವನ್ನೂ ಅವರು ಕಂಪನಿಯ ಕಚೇರಿಗಳಲ್ಲಿ ಹುಡುಕಲಿಲ್ಲ. 1980ರಲ್ಲಿ ಹೊರತಂದ ಪುಸ್ತಕದಲ್ಲಿ ಲಿಜ್ಜತ್ ಹಪ್ಪಳದ ಹೆಂಗಸರು, ಅಹಮದಾಬಾದಿನ ‘ಸೇವಾ’ ಸಂಘಟನೆಯ ಬಡ ದುಡಿಮೆಗಾರ್ತಿಯರು, ಮಧುಬನಿಯ ಚಿತ್ರಗಾರ್ತಿಯರನ್ನು ಮುಂದಿಟ್ಟರು. ಸಂಪತ್ತು ಮೇಲಿನಿಂದ ಕೆಳಕ್ಕೆ ತೊಟ್ಟಿಕ್ಕಲಿ ಎಂದು ಕಾಯುವ ಬದಲು ತಳದಿಂದಲೇ ಉಕ್ಕಿ ಬರಲಿ ಎಂಬುದು ಅವರ ವಾದ. 1984ರಲ್ಲಿ ಅವರು ಬಡದೇಶಗಳ ಸ್ತ್ರೀಚಿಂತಕಿಯರನ್ನು ಸೇರಿಸಿ ‘ಡಾನ್’ ಎಂಬ ಜಾಲ ಕಟ್ಟಿದ್ದು ಬೆಂಗಳೂರಿನಲ್ಲೇ. ಅದೇ ಬಳಗದ ಗೀತಾ ಸೇನ್ ಬನ್ನೇರುಘಟ್ಟ ರಸ್ತೆಯ ಐಐಎಂನಲ್ಲಿ ಪ್ರಾಧ್ಯಾಪಕಿಯಾಗಿದ್ದರು. ನಾಳಿನ ಕಂಪನಿ ಅಧಿಕಾರಿಗಳು ತಯಾರಾಗುವ ಜಾಗದಲ್ಲೂ ಈ ಲೆಕ್ಕ ಗೊತ್ತಿದ್ದವರು ಇದ್ದರೆಂದಾಯಿತು.

ಸರ್ಕಾರ ಏನು ಮಾಡಿತು? ದೇವಕಿಯವರನ್ನು ಕರ್ನಾಟಕದ ಯೋಜನಾ ಮಂಡಳಿಗೆ ಸೇರಿಸಿಕೊಂಡಿತು, 2006ರಲ್ಲಿ ಪದ್ಮಭೂಷಣವನ್ನೂ ಕೊಟ್ಟಿತು. ಶಾಲು ಹೊದಿಸುವುದರಲ್ಲಿ ನಮ್ಮ ಸರ್ಕಾರಗಳು ಎಂದೂ ಹಿಂದೆ ಬಿದ್ದಿಲ್ಲ. ಆದರೆ ಹೊತ್ತಿನ ಲೆಕ್ಕದ ಪ್ರಾಯೋಗಿಕ ಸಮೀಕ್ಷೆ ನಡೆದದ್ದು 1998-99ರಲ್ಲಿ, ಅದೂ ಆರು ರಾಜ್ಯಗಳಲ್ಲಿ ಮಾತ್ರ. ಆ ಆರರಲ್ಲಿ ಕರ್ನಾಟಕ ಇರಲಿಲ್ಲ. ಇಡೀ ದೇಶದಲ್ಲಿ ಸಮೀಕ್ಷೆ ನಡೆದದ್ದು 2019ರಲ್ಲಿ. ಆಗ ಕೂಲಿಯಿಲ್ಲದ ಮನೆಗೆಲಸಕ್ಕೆ ಕೈಹಾಕುತ್ತಿದ್ದವರು ಹೆಂಗಸರಲ್ಲಿ ನೂರಕ್ಕೆ 81, ಗಂಡಸರಲ್ಲಿ ನೂರಕ್ಕೆ 26. ಹಾಗೆ ಮಾಡುತ್ತಿದ್ದ ಹೆಂಗಸಿಗೆ ದಿನಕ್ಕೆ ಸರಾಸರಿ 299 ನಿಮಿಷ ಹಿಡಿಯುತ್ತಿದ್ದರೆ ಗಂಡಸಿಗೆ 97 ನಿಮಿಷ. ಮಕ್ಕಳು, ಮುದುಕರ ಆರೈಕೆಯ ಹೊತ್ತು ಬೇರೆ.

ದಿನಕ್ಕೆ ಐದು ತಾಸಿನ ದುಡಿಮೆ! ತಿಂಗಳಿಗೆ ನೂರೈವತ್ತು ತಾಸು. ಇದರ ಎದುರು 2000 ರೂಪಾಯಿ ಇಟ್ಟು ‘ಬಿಟ್ಟಿ’ ಎನ್ನುವವರ ನಾಲಿಗೆಗೆ ನಾಚಿಕೆಯಾಗಬೇಡವೇ? ಯೋಜನೆಯ ಖರ್ಚು, ಸೋರಿಕೆಯ ಬಗ್ಗೆ ಅವರು ಧಾರಾಳವಾಗಿ ಪ್ರಶ್ನೆ ಕೇಳಲಿ, ಕೇಳಲೇಬೇಕು. ಆದರೆ ಪಡೆಯುವವಳನ್ನು ಭಿಕ್ಷುಕಿಯಂತೆ ಕಾಣುವ ಹಕ್ಕು ಯಾರಿಗೂ ಇಲ್ಲ. ಸರ್ಕಾರವೂ ತಾನು ದಾನಿಯೆಂದು ಬೀಗಬೇಕಾಗಿಲ್ಲ. ಆಶಾ ಕಾರ್ಯಕರ್ತೆಯರನ್ನು ‘ಸ್ವಯಂಸೇವಕಿ’ ಎಂದು ಕರೆದು, ಕೂಲಿಯ ಬದಲು ಗೌರವಧನವೆಂಬ ಹೆಸರಿನಲ್ಲಿ ಪುಡಿಗಾಸು ಕೊಟ್ಟು, 2025ರ ಜನವರಿಯ ಚಳಿಯಲ್ಲಿ ಅವರನ್ನು ಫ್ರೀಡಂ ಪಾರ್ಕಿನಲ್ಲಿ ಕೂರಿಸಿದ್ದು ಇದೇ ಸರ್ಕಾರ.

‘ತಾಯಿಯ ಪ್ರೀತಿಗೆ ಬೆಲೆ ಕಟ್ಟುತ್ತೀರಾ?’ ಎಂದು ಕೇಳುವವರಿದ್ದಾರೆ. ಪ್ರೀತಿಗೆ ಬೆಲೆ ಕಟ್ಟಿ ಎಂದು ಯಾರೂ ಹೇಳುತ್ತಿಲ್ಲ. ಹೋಟೆಲಿನಲ್ಲಿ ಬೇಯಿಸಿದ ಅನ್ನ ರಾಷ್ಟ್ರೀಯ ಉತ್ಪನ್ನಕ್ಕೆ ಸೇರುತ್ತದೆ, ಮನೆಯಲ್ಲಿ ಬೇಯಿಸಿದ್ದು ಸೇರುವುದಿಲ್ಲ. ಲೆಕ್ಕಕ್ಕೆ ಸೇರದ ದುಡಿಮೆಗೆ ಬಜೆಟ್ಟಿನಲ್ಲೂ ಜಾಗವಿರುವುದಿಲ್ಲ. ಗುರಪ್ಪನಪಾಳ್ಯ, ಯಾರಬ್ ನಗರದ ಓಣಿಗಳಲ್ಲಿ ಮನೆಯಲ್ಲೇ ಕೂತು ತುಂಡು ಲೆಕ್ಕಕ್ಕೆ ಹೊಲಿಯುವ ಹೆಣ್ಣುಮಗಳಿಗೆ ಹೊತ್ತಿಗೆ ಸರಿಯಾಗಿ ಬರುವ ನಲ್ಲಿನೀರು, ಪಕ್ಕದಲ್ಲೊಂದು ಶಿಶುವಿಹಾರ ಸಿಕ್ಕರೆ ದಿನಕ್ಕೆ ಎರಡು ತಾಸು ಉಳಿದೀತು. ಆ ಎರಡು ತಾಸು ಯಾವ ಕಡತದಲ್ಲೂ ಇಲ್ಲದಿರುವಾಗ ಅದನ್ನು ಉಳಿಸಿಕೊಡುವ ಯೋಚನೆ ಯಾವ ಅಧಿಕಾರಿಗೆ ಹೊಳೆಯಬೇಕು?

ಕೊನೆಗೆ ನಮ್ಮ ನಮ್ಮ ಮನೆಯ ಮಾತು. ಇದರಲ್ಲಿ ಹಿಂದೂ, ಮುಸಲ್ಮಾನ, ಕ್ರೈಸ್ತ ಎಂಬ ಭೇದವೇನೂ ಇಲ್ಲ. ಗಣತಿಯವರು ಬಾಗಿಲಿಗೆ ಬಂದು ‘ನಿಮ್ಮ ಮನೆಯವರು ಏನು ಮಾಡುತ್ತಾರೆ?’ ಎಂದರೆ ನಾವು ಗಂಡಸರು ಥಟ್ಟನೆ ಹೇಳುವುದು, ‘ಏನೂ ಮಾಡಲ್ಲ, ಮನೇಲಿದ್ದಾರೆ.’ ಅಷ್ಟು ಹೇಳಿ ಒಳಗೆ ತಿರುಗಿ, ‘ಇವರಿಗೊಂದು ಲೋಟ ಟೀ ತಗೊಂಡು ಬಾ’ ಎಂದು ಕೂಗುತ್ತೇವೆ. ದೇವಕಿ ಜೈನ್ ಅವರಿಗೆ ನಿಜವಾದ ಗೌರವ ಸಲ್ಲಿಸಬೇಕೆಂದಿದ್ದರೆ, ಮೊದಲು ಆ ಟೀಯನ್ನು ಲೆಕ್ಕಕ್ಕೆ ಹಿಡಿಯೋಣ.