ಬಿಷಪ್‌ಗಳ ಮಂಡಳಿ ಎಂದರೆ ಎಲ್ಲ ಚರ್ಚ್‌ಗಳ ‘ಹೆಡ್ ಆಫೀಸ್’ ಹೌದೇ?

ಚುನಾವಣೆ ಹತ್ತಿರ ಬಂದಾಗ, ಇಲ್ಲವೇ ಮತಾಂತರದ ಗಲಾಟೆ ಎದ್ದಾಗ ಒಂದು ಬಗೆಯ ಫಾರ್ವರ್ಡ್ ಮೊಬೈಲಿಗೆ ಬಂದೇ ಬರುತ್ತದೆ. ‘ಬಿಷಪ್‌ಗಳ ಮಂಡಳಿ ಸಭೆ ಸೇರಿ ದೇಶದ ಎಲ್ಲ ಚರ್ಚ್‌ಗಳಿಗೂ ಆದೇಶ ಹೊರಡಿಸಿದೆ’ ಎಂಬುದು ಅದರ ಸಾರ. ತುರುವೇಕೆರೆ ತಾಲ್ಲೂಕಿನ ಮಾಯಸಂದ್ರದಂಥ ಊರಿನಲ್ಲಿ ಅದನ್ನು ಓದಿದವರು ನಂಬಿದರೆ ಆಶ್ಚರ್ಯವಿಲ್ಲ. ನಾವು ಕಂಡಿರುವ ಸಂಸ್ಥೆಗಳ ಮಾದರಿಯೇ ಹಾಗಿದೆ. ಊರಿನಲ್ಲಿ ಹಾಲಿನ ಡೇರಿ, ಅದರ ಮೇಲೆ ತುಮುಲ್, ಅದರ ಮೇಲೆ ಕೆಎಂಎಫ್. ಮೇಲೆ ಒಂದು ತೀರ್ಮಾನವಾದರೆ ಕೆಳಗೆ ಡೇರಿಯ ತನಕ ಬರುತ್ತದೆ.

ಕ್ಯಾಥೋಲಿಕರ ವ್ಯವಸ್ಥೆ ಹಾಗಿಲ್ಲ. ಅಲ್ಲಿ ಊರಿನ ಚರ್ಚ್‌ಗೆ ಧರ್ಮಕೇಂದ್ರ ಎನ್ನುತ್ತಾರೆ. ಹಲವು ಧರ್ಮಕೇಂದ್ರಗಳು ಸೇರಿ ಒಂದು ಧರ್ಮಪ್ರಾಂತ್ಯ. ಅದರ ಮುಖ್ಯಸ್ಥರೇ ಬಿಷಪ್, ಅಂದರೆ ಧರ್ಮಾಧ್ಯಕ್ಷರು. ಲ್ಯಾಟಿನ್ ಸಂಪ್ರದಾಯದ ಬಿಷಪ್‌ರನ್ನು ನೇಮಿಸುವವರು ಪೋಪ್, ಅವರು ಲೆಕ್ಕ ಒಪ್ಪಿಸಬೇಕಾದದ್ದೂ ಪೋಪ್‌ಗೇ. 75 ವರ್ಷ ತುಂಬಿದಾಗ ರಾಜೀನಾಮೆ ಪತ್ರ ಹೋಗುವುದು ರೋಮ್‌ಗೆ, ದೆಹಲಿಗಲ್ಲ. ತುಮಕೂರು ಜಿಲ್ಲೆ ಬೆಂಗಳೂರು ಮಹಾಧರ್ಮಪ್ರಾಂತ್ಯಕ್ಕೆ ಸೇರಿದೆ. ಅದು 1940ರಲ್ಲಿ ಮೈಸೂರಿನಿಂದ ಬೇರೆಯಾಗಿ, 1953ರಲ್ಲಿ ಮಹಾಧರ್ಮಪ್ರಾಂತ್ಯವಾಯಿತು. ‘ಮಹಾ’ ಎಂದಿದ್ದರೂ ಬೆಂಗಳೂರಿನ ಆರ್ಚ್‌ಬಿಷಪ್ ಶಿವಮೊಗ್ಗದ ಒಬ್ಬ ಪಾದ್ರಿಯನ್ನು ವರ್ಗ ಮಾಡುವಂತಿಲ್ಲ. ಅದು ಅಲ್ಲಿನ ಬಿಷಪ್‌ಗೆ ಬಿಟ್ಟದ್ದು.

ಹಾಗಾದರೆ ರಾಷ್ಟ್ರೀಯ ಮಂಡಳಿಗೆ ಏನು ಕೆಲಸ? ಮೊದಲು, ಮಂಡಳಿ ಒಂದೇ ಅಲ್ಲ ಎಂಬುದನ್ನು ಗಮನಿಸಬೇಕು. ಭಾರತದಲ್ಲಿ ಕ್ಯಾಥೋಲಿಕರ ಮೂರು ಸಂಪ್ರದಾಯಗಳಿವೆ: ಲ್ಯಾಟಿನ್, ಸಿರೋ ಮಲಬಾರ್, ಸಿರೋ ಮಲಂಕರ. ಮೂರೂ ಕಡೆಯ ಬಿಷಪ್‌ಗಳು ಸೇರುವ ಮಂಡಳಿ ಸಿಬಿಸಿಐ. ಇದು 1944ರಲ್ಲಿ ಮದ್ರಾಸಿನಲ್ಲಿ ಹುಟ್ಟಿತು. ಇದರ ಕಚೇರಿ ದೆಹಲಿಯಲ್ಲಿದೆ. ಲ್ಯಾಟಿನ್ ಬಿಷಪ್‌ಗಳಿಗಷ್ಟೇ ಇನ್ನೊಂದು ಮಂಡಳಿ ಇದೆ, ಅದು ಸಿಸಿಬಿಐ. 1987ರಲ್ಲಿ ಪೋಪ್ ಎರಡನೆಯ ಜಾನ್ ಪಾಲ್ ಅವರು, ಒಂದೊಂದು ಸಂಪ್ರದಾಯಕ್ಕೂ ತನ್ನದೇ ಮಂಡಳಿ ಇರಲಿ ಎಂದು ಬರೆದ ಪತ್ರದ ಫಲ ಇದು. ಕೇರಳ ಮೂಲದ ಎರಡು ಸಂಪ್ರದಾಯಗಳಿಗೆ ಅವುಗಳದ್ದೇ ಸಿನೊಡ್ ಇದೆ. ಸಿನೊಡ್‌ನ ಅಧಿಕಾರ ಮಂಡಳಿಗಿಂತ ದೊಡ್ಡದು. ಕೇರಳ ಎಂದರೆ ದೂರದ ಮಾತು ಎಂದುಕೊಳ್ಳಬೇಡಿ. ಮಂಡ್ಯ, ಭದ್ರಾವತಿ, ಬೆಳ್ತಂಗಡಿ ಧರ್ಮಪ್ರಾಂತ್ಯಗಳು ಸಿರೋ ಮಲಬಾರ್‌ಗೆ ಸೇರಿದವು, ಪುತ್ತೂರಿನದು ಸಿರೋ ಮಲಂಕರ.

ದೇಶದಲ್ಲಿ 170ಕ್ಕೂ ಹೆಚ್ಚು ಧರ್ಮಪ್ರಾಂತ್ಯಗಳಿವೆ. ಸಿಬಿಸಿಐ ಮಹಾಸಭೆ ಸಾಮಾನ್ಯವಾಗಿ ಎರಡು ವರ್ಷಕ್ಕೊಮ್ಮೆ, ಸುಮಾರು ಒಂದು ವಾರ ನಡೆಯುತ್ತದೆ. 2024ರಲ್ಲಿ ಅದು ನಡೆದದ್ದು ಬೆಂಗಳೂರಿನ ಸೇಂಟ್ ಜಾನ್ಸ್‌ನಲ್ಲಿ. ನಮ್ಮ ಕಡೆಯಿಂದಲೂ ಚಿಕಿತ್ಸೆಗೆ ಹೋಗುವ ಕೋರಮಂಗಲದ ಅದೇ ಸೇಂಟ್ ಜಾನ್ಸ್. 1963ರಲ್ಲಿ ಶುರುವಾದ ಆ ಮೆಡಿಕಲ್ ಕಾಲೇಜು ಸಿಬಿಸಿಐನದೇ ಕೂಸು. ಒಂದು ಮಹಾಸಭೆಯಿಂದ ಇನ್ನೊಂದರವರೆಗಿನ ಕೆಲಸವನ್ನು ಸ್ಥಾಯಿ ಸಮಿತಿ ನೋಡಿಕೊಳ್ಳುತ್ತದೆ. ಶಿಕ್ಷಣ, ಆರೋಗ್ಯದಂಥ ವಿಷಯಗಳಿಗೆ ಬೇರೆ ಬೇರೆ ವಿಭಾಗಗಳಿವೆ. ರಾಜ್ಯ ಮಟ್ಟದಲ್ಲಿ ಕರ್ನಾಟಕದ ಬಿಷಪ್‌ಗಳದ್ದೇ ಒಂದು ಪ್ರಾದೇಶಿಕ ಮಂಡಳಿಯೂ ಉಂಟು.

ಈಗ ಆದೇಶದ ಪ್ರಶ್ನೆಗೆ ಬರೋಣ. ಲ್ಯಾಟಿನ್ ಚರ್ಚ್‌ನ ಕಾನೂನು ಸಂಹಿತೆಯ 455ನೇ ವಿಧಿ ಇಲ್ಲಿ ಮುಖ್ಯ. ಬಿಷಪ್‌ಗಳ ಮಂಡಳಿ ಎಲ್ಲರನ್ನೂ ಕಟ್ಟುವಂಥ ನಿಯಮ ಮಾಡಬಹುದಾದ ಸಂದರ್ಭಗಳು ಕೆಲವೇ. ಒಂದೋ ಚರ್ಚ್‌ನ ಸಾಮಾನ್ಯ ಕಾನೂನೇ ಆ ವಿಷಯವನ್ನು ಮಂಡಳಿಗೆ ವಹಿಸಿರಬೇಕು, ಇಲ್ಲವೇ ರೋಮ್ ವಿಶೇಷವಾಗಿ ಒಪ್ಪಿಸಿರಬೇಕು. ಆಗಲೂ ಮತದ ಹಕ್ಕುಳ್ಳ ಸದಸ್ಯರಲ್ಲಿ ಮೂರನೇ ಎರಡು ಭಾಗ ಒಪ್ಪಬೇಕು. ಸಭೆಗೆ ಬಂದವರಲ್ಲಿ ಮೂರನೇ ಎರಡು ಸಾಲದು, ಒಟ್ಟು ಸದಸ್ಯರ ಲೆಕ್ಕ ಬೇಕು. ಅದಾದ ಮೇಲೆ ರೋಮ್ ಪರಿಶೀಲಿಸಿ ಒಪ್ಪಿಗೆ ಕೊಡಬೇಕು. ಆಮೇಲೆಯೇ ಅದು ಜಾರಿಗೆ ಬರುವುದು. ಪೂಜೆಯ ಪಠ್ಯಗಳ ಅನುವಾದ, ಉಪವಾಸದ ದಿನ ಹೇಗೆ ಆಚರಿಸಬೇಕು, ಯಾವ ಹಬ್ಬವನ್ನು ಭಾನುವಾರಕ್ಕೆ ಸರಿಸಬಹುದು ಎಂಬಂಥವು ಹೀಗೆ ಮಂಡಳಿಗೆ ಬರುವ ವಿಷಯಗಳು. ಇವುಗಳ ಹೊರಗಿನ ವಿಷಯದಲ್ಲಿ ಎಲ್ಲ ಬಿಷಪ್‌ಗಳೂ ಒಬ್ಬೊಬ್ಬರಾಗಿ ಒಪ್ಪದ ಹೊರತು ಅವರ ಹೆಸರಿನಲ್ಲಿ ಮಂಡಳಿಯಾಗಲಿ ಅದರ ಅಧ್ಯಕ್ಷರಾಗಲಿ ತೀರ್ಮಾನ ಹೇಳುವಂತಿಲ್ಲ. ಬೆಂಗಳೂರಿನ ಚರ್ಚ್‌ಗಳಲ್ಲಿ ಕನ್ನಡಕ್ಕೆ ಸ್ಥಾನ ಬೇಕೆಂದು ದಶಕಗಳ ಕಾಲ ನಡೆದ ಹೋರಾಟದ ಬಿಸಿ ಮುಖ್ಯವಾಗಿ ಇಲ್ಲಿನ ಆರ್ಚ್‌ಬಿಷಪ್‌ಗೇ ತಟ್ಟಿದ್ದು ಯಾಕೆ ಎಂಬುದೂ ಇದರಿಂದ ಅರ್ಥವಾಗುತ್ತದೆ.

ಹಾಗೆಂದು ಮಂಡಳಿ ಬಾಯಿ ಮುಚ್ಚಿ ಕೂರುತ್ತದೆ ಎಂದಲ್ಲ. ಚುನಾವಣೆ, ಕಾಯ್ದೆಗಳು, ಹಲ್ಲೆಯ ಪ್ರಕರಣಗಳ ಬಗ್ಗೆ ಹೇಳಿಕೆ ಕೊಡುತ್ತದೆ, ಪ್ರಾರ್ಥನೆಗೆ ಕರೆ ಕೊಡುತ್ತದೆ. ಆ ಮಾತಿಗೆ ತೂಕವಿದೆ. ಅದನ್ನು ಒಪ್ಪುವ, ಟೀಕಿಸುವ ಹಕ್ಕು ಎಲ್ಲರಿಗೂ ಇದೆ. ಆದರೆ ಅದು ಮನವಿಯೇ ಹೊರತು ಮೇಲಧಿಕಾರಿಯ ಸುತ್ತೋಲೆಯಲ್ಲ. ಫಾರ್ವರ್ಡ್‌ಗಳು ಇಂಥ ಮನವಿಯನ್ನೇ ‘ಫರ್ಮಾನು’ ಎಂದು ಬರೆದು ಹಂಚುತ್ತವೆ. ಪಕ್ಕದ ಬೀದಿಯ ಕ್ರೈಸ್ತ ಕುಟುಂಬವನ್ನು ಜನ ಅನುಮಾನದಿಂದ ನೋಡಲು ಅಷ್ಟು ಸಾಕು. ಆ ಕುಟುಂಬ ಕ್ಯಾಥೋಲಿಕ್ ಆಗಿರದಿದ್ದರೂ ಅವರಿಗೆ ವಿನಾಯಿತಿ ಇಲ್ಲ!

ಅಲ್ಲೇ ಇನ್ನೊಂದು ಗೊಂದಲವೂ ಇದೆ. ಗುಬ್ಬಿ, ತುಮಕೂರು ಕಡೆ 19ನೇ ಶತಮಾನದಲ್ಲೇ ಕೆಲಸ ಮಾಡಿದ ವೆಸ್ಲಿಯನ್ ಮಿಷನ್ 1947ರಲ್ಲಿ ಸಿಎಸ್‌ಐ ಸಭೆಯಲ್ಲಿ ಸೇರಿತು. ಸಿಎಸ್‌ಐನಲ್ಲೂ ಬಿಷಪ್ ಇದ್ದಾರೆ, ಆದರೆ ಅವರು ಸಿಬಿಸಿಐ ಸದಸ್ಯರಲ್ಲ, ಪೋಪ್‌ಗೂ ಅವರಿಗೂ ಸಂಬಂಧವಿಲ್ಲ. ಪೆಂಟೆಕೋಸ್ಟಲ್ ಪ್ರಾರ್ಥನಾ ಮಂದಿರಗಳ ಪಾಸ್ಟರ್‌ಗಳು ಈ ಯಾವ ವ್ಯವಸ್ಥೆಗೂ ಸೇರಿದವರಲ್ಲ.

ಆದ್ದರಿಂದ ‘ಬಿಷಪ್‌ಗಳ ಆದೇಶ’ ಎಂಬ ಪತ್ರ ಗ್ರೂಪಿಗೆ ಬಂದರೆ ನಾವು ಮೊದಲು ನೋಡುವುದು ಸಹಿ ಯಾರದು, ಅದು ಯಾವ ಮಂಡಳಿ ಅಥವಾ ಧರ್ಮಪ್ರಾಂತ್ಯದ ಲೆಟರ್‌ಹೆಡ್, ತಾರೀಖು ಯಾವುದು ಎಂದು. ‘ಭಾರತದ ಎಲ್ಲ ಚರ್ಚ್‌ಗಳಿಗೆ’ ಎಂದು ಶುರುವಾಗುವ ಆದೇಶವಾಗಿದ್ದರೆ ಅಲ್ಲಿಗೇ ನಿಲ್ಲಿಸಬಹುದು. ಹಾಗೆ ಎಲ್ಲರಿಗೂ ಆದೇಶ ಕೊಡುವ ಕಚೇರಿ ದೇಶದಲ್ಲಿ ಎಲ್ಲಿಯೂ ಇಲ್ಲ.